ಅಕಾರಾ ಪಡ್ಡು ಮತ್ತು ಅತ್ತೆಯ ಎಣ್ಣೆಬಟ್ಟೆ

ಆ ಒಂದು ಸಂಜೆಯ ತಿಂಡಿಗೆ ನನ್ನ ಕೈಯಿಂದ ಆರು ಸಾವಿರದ ಚಿಲ್ಲರೆ ಹೋಯಿತು. ಬಂದದ್ದಲ್ಲ, ಹೋದದ್ದು. ಕೇರಳದ ಸಿಹಿತಿಂಡಿ ಉಣ್ಣಿಯಪ್ಪ ಸುಡುವ ಕಂಚಿನ ಗುಳಿ ಪಾತ್ರೆ ಒಂದು, ಒಂಟಿ ಬರ್ನರಿನ ಹೊಸ ಒಲೆ, ಎರಡನೇ ಸಲ ಕೊಂಡ ಕೋಳಿ, ಕಸದ ಡಬ್ಬಿ ಸೇರಿದ ಆಕ್ಟೋಪಸ್ಸು, ಮೇಲೆ ತಿರುವನಂತಪುರದ ಆಟೋದವನು ಬಾಯಿಬಿಟ್ಟು ಕೇಳಿದಷ್ಟೂ ಬಾಡಿಗೆ. ನನ್ನನ್ನು ಬಲ್ಲವರು ಇದನ್ನು ನಂಬುವುದಿಲ್ಲ. ಎರ್ನಾಕುಲಂ ಮಾರ್ಕೆಟ್ಟಿನಲ್ಲಿ ತರಕಾರಿ ಕೊಂಡರೆ ಕರಿಬೇವನ್ನು ಪುಕ್ಕಟೆ ಹಾಕಿಸಿಕೊಳ್ಳದೆ ಜಾಗ ಬಿಟ್ಟು ಕದಲುವವಳಲ್ಲ ನಾನು. ಅಂಥವಳು ಆ ದಿನ ಕೊಳ್ಳುವಾಗ ಯಾರ ಹತ್ತಿರವೂ ಒಂದು ಮಾತು ಚೌಕಾಸಿ ಮಾಡಲಿಲ್ಲ. ಯಾಕೆ ಅಂದರೆ, ಆರು ವರ್ಷದ ಒಂದು ಹೆಣ್ಣುಮಗುವಿನ ಗಂಟಲು ನನ್ನ ಕೈ ಅಡುಗೆಯಿಂದ ಮುಚ್ಚಿಹೋಗಬಾರದು ಅಂತ.

ನಮ್ಮ ಯಜಮಾನರದು ಬ್ಯಾಂಕಿನ ಕೆಲಸ. ವರ್ಗವಾಗಿ ಎರ್ನಾಕುಲಂಗೆ ಬಂದು ತ್ರಿಪ್ಪುಣಿತ್ತುರದಲ್ಲಿ ಮನೆ ಮಾಡಿದೆವು. ಚಿತ್ರದುರ್ಗದ ಕಡೆಯಿಂದ ಅತ್ತೆಯೂ ಬಂದರು. ಅವರ ಜೊತೆಗೆ ಅವರ ಕಬ್ಬಿಣದ ಪಡ್ಡಿನ ಹಂಚು, ಗಾಣದ ಶೇಂಗಾ ಎಣ್ಣೆಯ ಡಬ್ಬ. ನೀವು ಕಡಲೆಕಾಯಿ ಅನ್ನುವುದನ್ನು ನಾವು ಶೇಂಗಾ ಅನ್ನುತ್ತೇವೆ. "ತಲೆಗೆ ಹಚ್ಚೋ ಎಣ್ಣೇಲಿ ಒಗ್ಗರಣೆ ಹಾಕಿದ್ರೆ ನನ್ನ ಗಂಟಲಲ್ಲಿ ಇಳಿಯಲ್ಲ" ಅಂತ ಅತ್ತೆ ಮೊದಲ ದಿನವೇ ಹೇಳಿಬಿಟ್ಟಿದ್ದರು. ಕೇರಳಕ್ಕೆ ಬಂದರೂ ನಮ್ಮ ಒಲೆ ಕೊಬ್ಬರಿ ಎಣ್ಣೆಯ ಮುಖ ನೋಡಿದ್ದು ಕಡಿಮೆ. ನಾನು ಕನ್ನಡದ ಮನೆಗಳಿಗೆ ಹೋಳಿಗೆ ಮಾಡಿಕೊಡುವುದರಿಂದ ಶುರುಮಾಡಿ, ಆಮೇಲೆ ಸಣ್ಣ ಪಾರ್ಟಿಗಳಿಗೆ ತಿಂಡಿ ಒದಗಿಸುವವರೆಗೆ ಬಂದೆ. ಯಾರೂ ಕಲಿಸಿದ್ದಲ್ಲ, ಯಾರೂ ಬಂಡವಾಳ ಹಾಕಿದ್ದಲ್ಲ.

ಆರ್ಡರ್ ಬಂದದ್ದು ತಿರುವನಂತಪುರದ ಒಂದು ಕೇಂದ್ರ ಸಂಸ್ಥೆಯಲ್ಲಿ ವಿಜ್ಞಾನಿಯಾಗಿರುವ ಮೈಸೂರು ಕಡೆಯ ಹೆಂಗಸಿನಿಂದ. ನಾನು ಅವರನ್ನು ಮೇಡಂ ಅನ್ನುತ್ತೇನೆ. ಅವರ ಜೊತೆ ಕೆಲಸ ಮಾಡುತ್ತಿದ್ದ ಒಬ್ಬರು ನೈಜೀರಿಯಾದವರು, ಅವರ ಹೆಂಡತಿ ಜಪಾನಿನವರು. ಎರಡು ವರ್ಷ ಇಲ್ಲಿದ್ದು ಹೊರಟಿದ್ದರು. ಮೇಡಂ ಅವರ ಮನೆಯಲ್ಲಿ ಬೀಳ್ಕೊಡುಗೆಯ ಸಂಜೆ.

"ಇಬ್ಬರ ಊರಿನ ಅಡುಗೇನೂ ಸೇರಿಸಿ ಏನಾದ್ರೂ ಮಾಡಿ ರೀ. ಊಟ ಬೇಡ. ಒಂದೊಂದು ತುತ್ತಿನ ತಿಂಡಿ, ಕೈಯಲ್ಲಿ ಹಿಡಿದು ಓಡಾಡ್ತಾ ತಿನ್ನೋ ಹಾಗಿರ್ಲಿ."

ನಾನು ರೇಟು ಹೇಳಿದೆ. ಅವರು ಇಳಿಸಿದರು. ನಾನು ರೈಲಿನ ಖರ್ಚು ಬೇರೆ ಅಂದೆ. ಅವರು ನಕ್ಕು ಒಪ್ಪಿದರು. ಎಲ್ಲ ಮುಗಿದ ಮೇಲೆ ದನಿ ತಗ್ಗಿಸಿ ಹೇಳಿದರು: "ಒಂದೇ ಒಂದು ವಿಷಯ ನೆನಪಿಟ್ಕೊಳ್ಳಿ. ಅವರ ಮಗಳಿಗೆ ಕಡಲೆಕಾಯಿ ಆಗೋದಿಲ್ಲ. ಹೋದ ವರ್ಷ ಯಾವುದೋ ಬಿಸ್ಕತ್ತು ತಿಂದು ತುಟಿ ಊದಿ, ಉಸಿರು ಸಿಕ್ಕಿಕೊಂಡು, ಆಸ್ಪತ್ರೇಲಿ ಇಟ್ಟಿದ್ರು. ಅವರಪ್ಪನ ಊರಲ್ಲಿ ಸುಯಾ ಅಂತ ಮಾಂಸ ಸುಡ್ತಾರಂತೆ, ಅದಕ್ಕೆ ಕಡಲೆಕಾಯಿ ಹಿಂಡಿಯ ಪುಡಿ ಬೀಳಲೇಬೇಕಂತೆ. ಅಪ್ಪನ ಊರಿನ ರುಚಿ ಏನು ಅಂತ ಆ ಮಗು ಇವತ್ತಿನವರೆಗೂ ನೋಡಿಲ್ಲ."

ಆಗಲ್ಲ ಅನ್ನಬೇಕಿತ್ತು. ಆದರೆ ಒಂದು ಸಲ ಆಗಲ್ಲ ಅಂದವರನ್ನು ಎರಡನೇ ಸಲ ಯಾರೂ ಕೇಳುವುದಿಲ್ಲ ಅನ್ನುವುದು ನನ್ನ ವ್ಯಾಪಾರದ ಲೆಕ್ಕ. "ನಾನು ನೋಡ್ಕೋತೀನಿ ಮೇಡಂ" ಅಂದೆ.

ಮಗುವಿನ ತಂದೆಯ ಜೊತೆ ಫೋನಿನಲ್ಲಿ ಮಾತಾಡಿದೆ. ಅವರು ಅಕಾರಾ ಅನ್ನುವ ತಿಂಡಿಯ ಬಗ್ಗೆ ಹೇಳುತ್ತಿದ್ದ ಹಾಗೆ ನನಗೆ ನಗು ಬಂತು. ಅಲಸಂದೆ ನೆನೆಸಿ, ಉಜ್ಜಿ ಸಿಪ್ಪೆ ತೆಗೆದು, ಈರುಳ್ಳಿ ಮೆಣಸಿನಕಾಯಿ ಹಾಕಿ ರುಬ್ಬಿ, ಎಣ್ಣೆಯಲ್ಲಿ ಬಿಡುವುದು. ನಮ್ಮ ಅಲಸಂದೆ ವಡೆಗೆ ಅಣ್ಣನೋ ತಮ್ಮನೋ ಆಗಬೇಕು. ಆಮೇಲೆ ಅವರ ಹೆಂಡತಿ ತಾಕೋಯಾಕಿಯ ಫೋಟೋ ಕಳಿಸಿದರು. ಹಿಟ್ಟಿನ ಉಂಡೆ, ಒಳಗೆ ಆಕ್ಟೋಪಸ್ಸಿನ ಚೂರು, ಮೇಲೆ ಕಪ್ಪಗಿನ ಸಿಹಿ ಹುಳಿ ಸಾಸು. ಸುಡುವ ಪಾತ್ರೆ ನೋಡಿದರೆ ಸಾಕ್ಷಾತ್ ಅತ್ತೆಯ ಪಡ್ಡಿನ ಹಂಚು! ಅಲ್ಲಿಗೆ ದಾರಿ ಸಿಕ್ಕಿತು. ಅಕಾರಾ ಹಿಟ್ಟನ್ನು ಪಡ್ಡಿನ ಗುಳಿಗೆ ಹೊಯ್ದು, ನಡುವೆ ಆಕ್ಟೋಪಸ್ ಇಟ್ಟು ತಿರುವಿದರೆ ಆಯಿತು. ಸುಯಾಗೆ ಕೋಳಿಯ ತೆಳು ಪಟ್ಟಿಗಳನ್ನು ಕಡ್ಡಿಗೆ ಚುಚ್ಚಿ, ಸುಡುವಾಗ ಸೋಯಾ ಸಾಸು ಬೆಲ್ಲ ಕುದಿಸಿದ ಪಾಕವನ್ನು ಜಪಾನಿನವರ ಹಾಗೆ ಮೇಲೆ ಸವರುವುದು. ಪುಡಿಯಲ್ಲಿ ಶೇಂಗಾ ಬದಲು ಹುರಿದ ಕಲ್ಲಂಗಡಿ ಬೀಜ. ಮಗುವಿನ ತಂದೆಯ ಊರಿನಲ್ಲೂ ಅಂಥದ್ದೇ ಬೀಜ ಪುಡಿಮಾಡಿ ಸಾರಿಗೆ ಹಾಕುತ್ತಾರಂತೆ. "ಈ ಪುಡಿಯನ್ನು ಸುಯಾಗೆ ಹಾಕಬಹುದು ಅಂತ ನಮಗೆ ಹೊಳೆದೇ ಇರಲಿಲ್ಲ" ಅಂದರು ತಂದೆ. ದನಿಯಲ್ಲಿ ಅಷ್ಟು ಆಸೆ ಇತ್ತು. ಅದು ಕೇಳಿ ನನ್ನ ಹೆದರಿಕೆ ಹೆಚ್ಚಾಯಿತೇ ಹೊರತು ಕಡಿಮೆಯಾಗಲಿಲ್ಲ.

ಆಕ್ಟೋಪಸ್ ತರಲು ಮೀನಿನ ಮಾರ್ಕೆಟ್ಟಿಗೆ ಹೋದೆ. ಮೀನಿನವನು ನನ್ನ ಮಲಯಾಳ ಕೇಳಿಯೇ ಊರು ಹಿಡಿದ. ಇಲ್ಲಿ ಅಕ್ಕನಿಗೆ ಚೇಚಿ ಅನ್ನುತ್ತಾರೆ.

"ಚೇಚಿ, ಒಳ್ಳೇದೆಲ್ಲ ಹಡಗು ಹತ್ತಿ ಜಪಾನಿಗೇ ಹೋಗತ್ತೆ. ನಿಮ್ಮ ಇಡ್ಲಿ ಸಾಂಬಾರಿಗೆ ಇದನ್ನ ಹಾಕ್ತೀರಾ?"

"ಜಪಾನಿನವರೇ ನಮ್ಮನೆ ತಿಂಡಿಗೆ ಬರ್ತಿದಾರಪ್ಪ. ಹಡಗಿನ ಬಾಡಿಗೆ ಉಳೀತಲ್ಲ, ಅಷ್ಟು ಇಳಿಸು."

ಇಳಿಸಿದ. ಅದೇ ಆ ವಾರ ನಾನು ಕೊಳ್ಳುವಾಗ ಮಾಡಿದ ಕೊನೆಯ ಚೌಕಾಸಿ.

ಮನೆಯೊಳಗೆ ಶೇಂಗಾ ಕಾಣಿಸಬಾರದು ಅಂತ ಕಟ್ಟುನಿಟ್ಟು ಮಾಡಿದೆ. ಚಟ್ನಿಪುಡಿ, ಎಣ್ಣೆ ಡಬ್ಬ, ಹುರಿದ ಬೀಜದ ಬಾಟಲು, ಎಲ್ಲವನ್ನೂ ಪಕ್ಕದ ಮನೆಗೆ ಸಾಗಿಸಿದೆ. ಕಟ್ಟೆ ತೊಳೆದೆ, ಮತ್ತೆ ತೊಳೆದೆ. ಹೊರಡುವ ಹಿಂದಿನ ದಿನ ಹಂಚನ್ನೂ ತಿಕ್ಕಿ ತೊಳೆದಿಟ್ಟೆ. ಸುಯಾ ಪುಡಿಗೆ ಮಿಕ್ಸಿಯ ಹೊಸ ಜಾರನ್ನೇ ಕೊಂಡೆ. ಪುಡಿಯ ಬಾಟಲು, ತೊಳೆದ ಜಾರು ಎರಡನ್ನೂ ಅತ್ತೆಯ ಕೈಗೆ ಸಿಗದ ಹಾಗೆ ನನ್ನ ಕೈಚೀಲದಲ್ಲಿ ಬಚ್ಚಿಟ್ಟೆ. ಯಜಮಾನರು ಆಫೀಸಿನಿಂದ ಬಂದರೆ ಜೇಬು ತಡಕಿದೆ. ಅತ್ತೆಗೆ ತಮಾಷೆ.

"ಒಂದು ಶೇಂಗಾ ಕಾಳಿಗೆ ಹುಲಿ ಬಂದಂಗೆ ಆಡ್ತೀಯಲ್ಲೇ! ನಾವು ರಾಶಿ ಮೇಲೇ ಮಲಗಿ ಬೆಳೆದೋರು."

"ಆ ಮಗು ಬೆಳೀಬೇಕಲ್ಲತ್ತೆ" ಅಂದೆ. ಅವರು ನಗು ನಿಲ್ಲಿಸಿದರು. ಆಮೇಲೆ ಪಾಪ, ಅವರೇ ನನ್ನ ಜೊತೆ ಕೂತು ಅಲಸಂದೆಯ ಸಿಪ್ಪೆ ಉಜ್ಜಿಕೊಟ್ಟರು. ಎಂಟು ಕಾಲಿನ ಆ ಪ್ರಾಣಿಯನ್ನು ಮಾತ್ರ ಕಣ್ಣೆತ್ತಿ ನೋಡಲಿಲ್ಲ.

ಹೊರಡುವ ದಿನ ಬೆಳಿಗ್ಗೆ ಕೊಬ್ಬರಿ ಎಣ್ಣೆಯಲ್ಲೇ ಪಡ್ಡುಗಳನ್ನು ಅರ್ಧ ಬೇಯಿಸಿ ಡಬ್ಬಕ್ಕೆ ತುಂಬಿದೆ. ಅಲ್ಲಿ ಬಿಸಿ ಮಾಡಿ ಸಾಸು ಸವರಿದರೆ ಸಾಕು. ಕಡ್ಡಿಗೆ ಚುಚ್ಚಿದ ಕೋಳಿ ಇನ್ನೊಂದು ಡಬ್ಬದಲ್ಲಿ. ಹಂಚನ್ನು ಹಳೇ ಟವೆಲ್ಲಿನಲ್ಲಿ ಸುತ್ತಿ, ಡಬ್ಬಗಳನ್ನಿಟ್ಟ ದೊಡ್ಡ ಚೀಲದಲ್ಲೇ ಮೇಲಿಟ್ಟೆ. ಎರ್ನಾಕುಲಂನಲ್ಲಿ ರೈಲು ಹತ್ತಿದೆ.

ಆಲಪ್ಪುಳ ದಾಟಿರಬೇಕು. "ಕಪ್ಪಲಂಡಿ, ಕಪ್ಪಲಂಡೀ" ಅಂತ ಕೂಗು ಬಂತು. ಬಿಸಿ ಶೇಂಗಾ ಮಾರುವವನು. ಕಾಲ ಬಳಿ ಇದ್ದ ಚೀಲವನ್ನು ಎತ್ತಿ ತೊಡೆಯ ಮೇಲೆ ಅವಚಿಕೊಂಡು, "ಬೇಡ, ಬೇಡ, ಮುಂದೆ ಹೋಗು" ಅಂದೆ. ಎದುರಿಗೆ ಕೂತಿದ್ದ ಹೆಂಗಸು ನನ್ನನ್ನು ವಿಚಿತ್ರವಾಗಿ ನೋಡಿದಳು. ಅವನು ಹೋದ. ಪಕ್ಕದ ಬೋಗಿಗೂ ದಾಟಿದ. ವಾಸನೆ ಮಾತ್ರ ಹೋಗಲಿಲ್ಲ.

ನಾನು ಮೊದಲು ಕಿಟಕಿಯ ಕಡೆ ತಿರುಗಿ ಮೂಸಿದೆ. ಆಮೇಲೆ ನನ್ನ ಸೆರಗನ್ನು. ಆಮೇಲೆ ಚೀಲದ ಬಾಯಿ ಬಿಚ್ಚಿ ಟವೆಲ್ಲು ಸರಿಸಿದೆ. ಹಂಚಿನ ಅಂಚನ್ನು ಮುಟ್ಟಿ ಬೆರಳು ಮೂಗಿಗೆ ಹಿಡಿದೆ. ನಮ್ಮ ಮನೆಯ ವಾಸನೆ. ಯಾವತ್ತೂ ಅಮ್ಮನ ಮಡಿಲಿನ ಹಾಗೆ ಹಿತವಾಗಿದ್ದ ವಾಸನೆ ಆ ಗಳಿಗೆಯಲ್ಲಿ ಹೆಣದ ವಾಸನೆಯ ಹಾಗೆ ತಾಗಿತು. ಅತ್ತೆಗೆ ಫೋನ್ ಮಾಡಿದೆ.

"ಅತ್ತೆ, ನಿನ್ನೆ ನಾನು ಹಂಚು ತೊಳೆದಿಟ್ಟಮೇಲೆ ನೀವು ಒರೆಸಿದ್ರಾ?"

"ಒರೆಸ್ದೆ ಇಡ್ತಾರೇನೇ? ತುಕ್ಕು ಹಿಡಿಯಲ್ವಾ?"

"ಯಾವ ಎಣ್ಣೆ?"

"ಎಣ್ಣೆ ಎಲ್ಲೈತೆ, ಡಬ್ಬ ನೀನೇ ಪಕ್ಕದ ಮನೆಗೆ ಹೊತ್ತಾಕಿದ್ಯಲ್ಲ! ಒರೆಸೋ ಬಟ್ಟೆಯಾಗೆ ಇರೋದೇ ಸಾಕಾಗ್ತದೆ."

ಒಲೆಯ ಹಿಂದಿನ ಗೂಡಿನಲ್ಲಿ ತಗಡಿನ ಮುಚ್ಚಳದೊಳಗೆ ಮಡಿಸಿಟ್ಟ ಆ ಎಣ್ಣೆಬಟ್ಟೆ. ಅದು ನಮ್ಮ ಕಣ್ಣಿಗೆ ಬೀಳುವುದೇ ಇಲ್ಲ, ಗೋಡೆಯ ಒಂದು ಭಾಗ ಇದ್ದ ಹಾಗೆ. ಹಂಚನ್ನು ಎಣ್ಣೆಬಟ್ಟೆಯಿಂದ ಒರೆಸದೆ ಎತ್ತಿಟ್ಟರೆ ನಮ್ಮ ಕಡೆ ಆ ಮನೆಯ ಸೊಸೆಗೆ ಬೈಗುಳ ತಪ್ಪಿದ್ದಲ್ಲ. ಅತ್ತೆ ಮಾಡಿದ್ದು ನಾನು ದಿನಾ ಮಾಡುವ ಕೆಲಸವೇ.

ಯಜಮಾನರಿಗೆ ಹೇಳಿದರೆ, "ಒಂದು ಸಲ ಒರೆಸಿದ್ರಲ್ಲಿ ಎಷ್ಟು ಎಣ್ಣೆ ಇರತ್ತೆ? ರಿಫೈನ್ಡ್ ಎಣ್ಣೆಯಲ್ಲಿ ಏನೂ ಇರಲ್ಲ ಅಂತಾರೆ. ಸುಮ್ನೆ ರಾದ್ಧಾಂತ ಮಾಡ್ಬೇಡ" ಅಂದರು. ನಮ್ಮದು ರಿಫೈನ್ಡ್ ಅಲ್ಲ, ಗಾಣದ್ದು. ತಳದಲ್ಲಿ ಗಸಿ ನಿಲ್ಲುವ ಎಣ್ಣೆ. ಫೋನಿಟ್ಟೆ. ಸುಮ್ಮನಿದ್ದರೆ ಯಾರಿಗೂ ತಿಳಿಯುತ್ತಿರಲಿಲ್ಲ ಅನ್ನುವ ಯೋಚನೆ ಬಂದು, ನನ್ನ ಪಕ್ಕದಲ್ಲೇ ಕೂತು, ಎರಡು ಸ್ಟೇಷನ್ ನನ್ನ ಜೊತೆ ಪ್ರಯಾಣ ಮಾಡಿತು. ಏನೂ ಆಗದೆ ಇರಬಹುದು. ಏನೂ ಆಗದೆ ಇರಬಹುದು ಅನ್ನುವ ಮಾತನ್ನು ಹಿಡಿದುಕೊಂಡು ನಾನು ಎಷ್ಟೋ ವ್ಯಾಪಾರ ಗೆದ್ದವಳು. ಆದರೆ ಇಲ್ಲಿ ಸೋತರೆ ಸೋಲುವುದು ನಾನಲ್ಲ. ಕಣ್ಣು ಮುಚ್ಚಿದರೆ ನಾನು ನೋಡಿಯೇ ಇರದ ಒಂದು ಮಗುವಿನ ತುಟಿ ಊದುತ್ತಾ ಬರುವುದು ಕಾಣುತ್ತಿತ್ತು.

ಕೊಲ್ಲಂ ಬರುವ ಹೊತ್ತಿಗೆ ಮೇಡಂಗೆ ಫೋನ್ ಮಾಡಿ ಎಲ್ಲ ಹೇಳಿದೆ.

"ಒಂದೇ ಒಂದು ವಿಷಯ ಹೇಳಿದ್ದೆ ರೀ ನಾನು" ಅಂದರು.

"ಹೌದು ಮೇಡಂ. ಎಲ್ಲಾ ಎಸೆದು ಹೊಸದಾಗಿ ಮಾಡ್ತೀನಿ. ಆಗದಿದ್ರೆ ಆ ಮಗುವಿನ ತಾಯಿಗೆ ನಾನೇ ಹೇಳಿ ವಾಪಸ್ ಹೋಗ್ತೀನಿ. ನೀವು ಅವರನ್ನ ಸ್ವಲ್ಪ ಬೇಗ ಬರೋಕೆ ಹೇಳಿ."

ತಿರುವನಂತಪುರದಲ್ಲಿ ಇಳಿದು, ಪಡ್ಡನ್ನು ಎಸೆಯಲು ಕೈ ಬರದೆ, ಸ್ಟೇಷನ್ ಹೊರಗೆ ಯಾರಿಗಾದರೂ ಕೊಡೋಣ ಅಂತ ಡಬ್ಬದ ಮುಚ್ಚಳ ತೆಗೆದೆ. ತಕ್ಷಣ ಅನ್ನಿಸಿತು, ಇವರಲ್ಲಿ ಯಾರ ಮಗು ಎಂಥದ್ದೋ. ಕಸದ ಡಬ್ಬಿಗೆ ಸುರಿದೆ. ಹಂಚಿನ ಪಕ್ಕದಲ್ಲಿದ್ದ ಕೋಳಿಯನ್ನೂ ಸುರಿದೆ. ಹಂಚು ಸುತ್ತಿದ ಚೀಲವನ್ನು ಗಂಟು ಹಾಕಿ ಸ್ಟೇಷನ್ನಿನ ಸಾಮಾನು ಕೋಣೆಯಲ್ಲಿ ಬಿಟ್ಟು, ಸೋಪು ಹಾಕಿ ಮೊಣಕೈವರೆಗೂ ಕೈ ತೊಳೆದೆ.

ಚಾಲಾ ಬಜಾರಿನ ಪಾತ್ರೆ ಅಂಗಡಿಯಲ್ಲಿ ಕಬ್ಬಿಣದ ಗುಳಿ ಪಾತ್ರೆ ತೋರಿಸಿದರು. ಹೊಸದು, ಎಣ್ಣೆಯಿಂದ ಹೊಳೆಯುತ್ತಿತ್ತು.

"ಇದಕ್ಕೆ ಸವರಿರೋ ಎಣ್ಣೆ ಯಾವುದು?"

"ಅದು ಯಾರಿಗೆ ಗೊತ್ತು ಚೇಚಿ? ಎಂಜಿನ್ ಆಯಿಲ್ ಇರಬಹುದು" ಅಂತ ಅಂಗಡಿಯವನು ನಕ್ಕ. ನನಗೆ ನಗು ಬರಲಿಲ್ಲ. ಕಂಚಿನದು ಕೊಡಿ ಅಂದೆ. ಅದಕ್ಕೆ ಎಣ್ಣೆ ಸವರಿರುವುದಿಲ್ಲ, ಬೆಲೆ ಮಾತ್ರ ಕಣ್ಣು ಕತ್ತಲೆ ಬರಿಸುತ್ತದೆ. ಹೇಳಿದಷ್ಟು ಎಣಿಸಿ ಕೊಟ್ಟೆ. ಅವನಿಗೇ ಅನುಮಾನ ಬಂದು ನೋಟುಗಳನ್ನು ಬೆಳಕಿಗೆ ಹಿಡಿದು ನೋಡಿದ. ಒಲೆ, ಸೌಟು, ಬೇಸಿನ್, ಸೀಲ್ ಒಡೆಯದ ಕೊಬ್ಬರಿ ಎಣ್ಣೆ, ಅಲಸಂದೆ, ಸೋಯಾ ಸಾಸು, ಬೆಲ್ಲ, ಕೋಳಿ, ಆಕ್ಟೋಪಸ್ಸಿನ ಬದಲು ಸೀಗಡಿ ತೆಗೆದುಕೊಂಡು ಆಟೋ ಹತ್ತಿದೆ.

ಮೇಡಂ ಬಾಗಿಲಲ್ಲೇ ಮುಖ ಗಂಟಿಕ್ಕಿಕೊಂಡು ನಿಂತಿದ್ದರು. ಅವರ ಹಿಂದೆ ಮಗುವಿನ ತಾಯಿ, ಸಣ್ಣ ದೇಹದ, ಮೆಲುದನಿಯ ಹೆಂಗಸು. ಸೊಂಟದಲ್ಲಿ ಪುಟ್ಟ ಚೀಲ. ಅದರಲ್ಲಿ ಮಗುವಿಗೆ ಉಸಿರು ಕಟ್ಟಿದರೆ ತೊಡೆಗೆ ಚುಚ್ಚುವ ಇಂಜೆಕ್ಷನ್ ಇದೆ ಅಂತ ಆಮೇಲೆ ತಿಳಿಯಿತು. ಆಕೆ ಬೈಯಲಿಲ್ಲ, ಇಂಗ್ಲಿಷಿನಲ್ಲಿ ಪ್ರಶ್ನೆ ಕೇಳಿದರು. ಸುಯಾ ಪುಡಿ ಯಾವುದರಲ್ಲಿ ಹುರಿದೆ? ಹೊಸ ಸ್ಟೀಲ್ ತಟ್ಟೆಯಲ್ಲಿ. ರುಬ್ಬಿದ್ದು? ಹೊಸ ಜಾರಿನಲ್ಲಿ. ಚಮಚ? ಅದೂ ಹೊಸದು. ಒರೆಸಿದ ಬಟ್ಟೆ? ಟಿಶ್ಯೂ ಕಾಗದ. ಬಾಟಲು ಎಲ್ಲಿತ್ತು? ಕೈಚೀಲದಲ್ಲಿ, ಹಂಚಿನಿಂದ ದೂರ. ಆಕೆ ಬಾಟಲನ್ನು ಬಹಳ ಹೊತ್ತು ಕೈಯಲ್ಲಿ ಹಿಡಿದುಕೊಂಡು, ಕೊನೆಗೆ ಆಗಬಹುದು ಅಂತ ತಲೆಯಾಡಿಸಿದರು. ನಂತರ ಮೇಡಂ ಕಡೆ ತಿರುಗಿ ಕೇಳಿದರು: "ನಿಮ್ಮ ಅಡುಗೆಮನೆಯಲ್ಲಿ ಯಾವ ಎಣ್ಣೆ?"

ಮೇಡಂ ನಮ್ಮನ್ನು ಅಡುಗೆಮನೆಗೆ ಕರೆದುಕೊಂಡು ಹೋದರು. ಕಪಾಟಿನಲ್ಲಿ ಕಡಲೆಕಾಯಿ ಎಣ್ಣೆಯ ಕ್ಯಾನು. ಕಟ್ಟೆಯ ಮೇಲೆ, ದೊಡ್ಡವರಿಗೆ ಅಂತ ಮಾಡಿದ ಚಿತ್ರಾನ್ನ, ಮೇಲೆ ಕೆಂಪಗೆ ಹುರಿದ ಕಡಲೆಕಾಯಿ ಬೀಜ.

"ಮಗು ಅನ್ನ ತಿನ್ನಲ್ಲ ಅಂದ್ಕೊಂಡಿದ್ದೆ" ಅಂದರು, ಕನ್ನಡದಲ್ಲಿ, ನನಗೆ ಮಾತ್ರ ಕೇಳುವಷ್ಟು ಮೆಲ್ಲಗೆ. ಇಬ್ಬರೂ ಸೇರಿ ಚಿತ್ರಾನ್ನದ ಪಾತ್ರೆಯನ್ನು ಮೇಲಿನ ಮನೆಗೆ ಕೊಟ್ಟು, ಕೈ ತೊಳೆದು ಬಂದೆವು.

ಅಡುಗೆಮನೆ ಬಿಟ್ಟು ಹಿಂದಿನ ವರಾಂಡದಲ್ಲಿ ಒಲೆ ಹೂಡಿದೆ. ಅಲಸಂದೆಯನ್ನು ಬಿಸಿನೀರಿನಲ್ಲಿ ನೆನೆಹಾಕಿದರೂ ಸಿಪ್ಪೆ ಬಿಡಲು ತಕರಾರು. ಮಗುವಿನ ತಂದೆ, ಆರಡಿ ಮೀರಿದ ಆಳು, ಅಂಗಿಯ ತೋಳು ಮಡಚಿ ಬೇಸಿನ್ ಮುಂದೆ ಕುಕ್ಕರಗಾಲಲ್ಲಿ ಕೂತರು. ಅಂಗೈಗಳ ನಡುವೆ ಕಾಳು ಉಜ್ಜಿ, ನೀರು ತುಂಬಿ, ತೇಲಿದ ಸಿಪ್ಪೆಯನ್ನು ಒಂದೇ ಓರೆಗೆ ಚೆಲ್ಲಿದರು. ಅತ್ತೆ ಚೆಲ್ಲುವುದೂ ಹಾಗೆಯೇ. ಮೇಡಂ ಮನೆಯ ಮಿಕ್ಸಿ, ನಮ್ಮದು ಒಂದೇ ಕಂಪನಿಯದಾದ್ದರಿಂದ ಕೈಚೀಲದ ಜಾರು ಸರಿಯಾಗಿ ಕೂತಿತು. ಮೋಟಾರನ್ನು ಮಗುವಿನ ತಾಯಿ ತಾವೇ ಒರೆಸಿದರು.

ಕಂಚಿನ ಗುಳಿಯಲ್ಲಿ ಉಂಡೆಗಳು ಅಂಟದೆ ತಿರುಗಿದವು. ಕಡ್ಡಿಯ ಕೋಳಿ ಸುಟ್ಟು, ಪಾಕ ಸವರಿ, ಪುಡಿ ಉದುರಿಸಿದೆ. ಆ ಹೊಗೆಗೆ ತಂದೆ ಕಣ್ಣು ಮುಚ್ಚಿ ನಿಂತರು. ಬೇರೆ ಅತಿಥಿಗಳೂ ಬಂದು ತಿನ್ನುತ್ತಿದ್ದರು, ಹೊಗಳುತ್ತಿದ್ದರು, ನನಗೆ ಒಂದೂ ಕಿವಿಗೆ ಬೀಳಲಿಲ್ಲ. ತಾಯಿ ಒಂದು ಸುಯಾ ಚೂರನ್ನು ತಾವು ತಿಂದು ನೋಡಿ, ಉಗುರಿನಷ್ಟು ಮುರಿದು ಮಗುವಿಗೆ ಕೊಟ್ಟು ಕಾದರು. ನಾವೆಲ್ಲ ಕಾದೆವು. ಆಮೇಲೆ ಇಡೀ ಕಡ್ಡಿ ಕೊಟ್ಟರು.

ಮಗು ಕಚ್ಚಿತು, ಅಗಿಯಿತು. ಒಮ್ಮೆಲೇ ಕೆಮ್ಮಿತು.

ತಾಯಿಯ ಕೈ ಸೊಂಟದ ಚೀಲಕ್ಕೆ ಹೋಯಿತು. ತಂದೆ ಮೊಣಕಾಲೂರಿ ಮಗುವಿನ ಮುಖ ಹಿಡಿದರು. ನನ್ನ ಕೈಯಲ್ಲಿದ್ದ ಸೌಟು ಎಲ್ಲಿ ಬಿತ್ತೋ ತಿಳಿಯದು. ಇನ್ನೊಂದು ಕೆಮ್ಮು. ಕಣ್ಣಲ್ಲಿ ನೀರು. ಮಗು ನಾಲಿಗೆ ಹೊರಗೆ ಚಾಚಿ ಕೈ ಬೀಸಿಕೊಳ್ಳುತ್ತಾ, ಇಲ್ಲಿನ ಶಾಲೆಯಲ್ಲಿ ಕಲಿತ ಮಲಯಾಳದಲ್ಲಿ ಕೂಗಿತು:

"ಎರಿವು!"

ಖಾರ. ಬರೀ ಖಾರ. ನೀರು ಕುಡಿದು, ಮೂಗು ಒರೆಸಿಕೊಂಡು, ಇನ್ನೊಂದು ಕಡ್ಡಿಗೆ ಕೈ ಚಾಚಿತು. ತಂದೆ ಅಂಗಳದ ಕಡೆ ಮುಖ ತಿರುಗಿಸಿದರು. ನಾನು ಮೆಟ್ಟಿಲ ಮೇಲೆ ಕೂತೆ. ಅಲ್ಲಿಂದ ಪಾರ್ಟಿ ಮುಗಿಯುವವರೆಗೂ ಆ ಮಗುವಿನ ತುಟಿಯನ್ನೇ ನೋಡುತ್ತಿದ್ದೆ. ಊದಲಿಲ್ಲ. ಕೆನ್ನೆಯ ಮೇಲೆ ಸಾಸು ಒಣಗಿತು, ಅಷ್ಟೇ.

ಹೊರಡುವಾಗ ತಂದೆ ಉಳಿದ ಪುಡಿಯ ಬಾಟಲಿಗೆ ಎಷ್ಟು ಅಂತ ಕೇಳಿದರು. ಹೇಳಿದೆ. ಅದರ ಅರ್ಧಕ್ಕೆ ಕೇಳಿದರು, ನಗದೆ, ಬಜಾರಿನಲ್ಲಿ ಪಳಗಿದವರ ಹಾಗೆ. ನಾನೂ ಬಿಡಲಿಲ್ಲ. ಇಬ್ಬರೂ ನಾಲ್ಕು ಮಾತು ಎಳೆದಾಡಿದ ಮೇಲೆ ಬೆಳಗಿನಿಂದ ಮೊದಲ ಸಲ ನನಗೆ ಹಸಿವಾಯಿತು.

ಈಗಲೂ ಯಾವುದಾದರೂ ಮಗು ನನ್ನ ತಿಂಡಿ ಕಚ್ಚಿದರೆ ನನ್ನ ಕಣ್ಣು ಅದರ ತುಟಿಗೆ ಹೋಗುತ್ತದೆ. ಆ ಹೆದರಿಕೆ ಹೋಗಲಿ ಅಂತ ನಾನು ಹರಕೆಯನ್ನೂ ಹೊತ್ತಿಲ್ಲ. ಇರಲಿ.

ನೀವು ಮನೆಯಿಂದಲೇ ಅಡುಗೆ ಮಾಡಿ ಕೊಡುವವರಾದರೆ ನನ್ನ ಮಾತು ಕೇಳಿ. ತಿಂಡಿಯೊಳಗೆ ಏನು ಹಾಕಬಾರದು ಅಂತ ಗಿರಾಕಿ ಹೇಳುತ್ತಾರೆ, ನೀವು ಅದನ್ನು ಹಾಕುವುದಿಲ್ಲ, ಅಲ್ಲಿಗೆ ಮುಗಿಯಲಿಲ್ಲ. ಒಲೆಯ ಹಿಂದಿನ ಗೂಡಿಗೆ ಕೈ ಹಾಕಿ. ಎಣ್ಣೆಬಟ್ಟೆ, ಜಿಡ್ಡಿನ ಜರಡಿ, ಮರದ ಸೌಟು, ಮಿಕ್ಸಿಯ ರಬ್ಬರು, ಇವು ಹೋದ ವರ್ಷದ ಅಡುಗೆಯನ್ನೂ ಹೊತ್ತುಕೊಂಡಿರುತ್ತವೆ. ಹಳೇ ಕಬ್ಬಿಣ ಎಷ್ಟು ತಿಕ್ಕಿದರೂ ಎಣ್ಣೆ ಬಿಡುವುದಿಲ್ಲ, ಅಂಥ ಆರ್ಡರಿಗೆ ಅದನ್ನು ಮುಟ್ಟಬೇಡಿ. ಕಂಚಿನದೋ ಸ್ಟೀಲಿನದೋ ಒಂದು ಜೊತೆ ಪಾತ್ರೆ ಬೇರೆ ಇಡಿ, ಅದರ ಖರ್ಚನ್ನು ರೇಟಿನಲ್ಲಿ ಮೊದಲೇ ಸೇರಿಸಿ, ನಾನು ಮಾಡಿದ ಹಾಗೆ ಆಮೇಲೆ ಕೈಯಿಂದ ತೆರಬೇಡಿ. ಮನೆಯಲ್ಲಿ ಹಿರಿಯರಿದ್ದರೆ ಅವರಿಗೆ ಕಾರಣವನ್ನು ಕೂರಿಸಿ ಹೇಳಿ, ಬರೀ ಡಬ್ಬ ಸಾಗಿಸಿದರೆ ಸಾಲದು. ನಮ್ಮ ಅತ್ತೆ ಈಗ ಕಂಚಿನ ಪಾತ್ರೆಗೆ ತಾವೇ ಕೆಂಪು ದಾರ ಕಟ್ಟಿದ್ದಾರೆ, ಅದರ ಹತ್ತಿರ ನನ್ನನ್ನೂ ಬಿಡುವುದಿಲ್ಲ. ಏನಾದರೂ ತಪ್ಪಿದೆ ಅಂತ ದಾರಿಯಲ್ಲಿ ಅನುಮಾನ ಬಂದರೆ ಫೋನು ಆಗಲೇ ಮಾಡಿ, ತಲುಪಿದ ಮೇಲಲ್ಲ. ಮಾತು ಕಲ್ಲಂಗಡಿ ಬೀಜಕ್ಕೆ ಬಂದರೆ, ಸಿಪ್ಪೆ ಸುಲಿದದ್ದನ್ನೇ ಕೊಳ್ಳಿ, ಬಿಡಿಯಾಗಿ ತೂಗಿ ಕೊಡುವ ಅಂಗಡಿಯಲ್ಲಿ ಬೇಡ. ಅಲ್ಲಿ ಅದರ ಪಕ್ಕದ ಚೀಲದಲ್ಲಿ ಶೇಂಗಾ ಇರುತ್ತದೆ, ಮೊಗೆಯುವ ಸೇರು ಒಂದೇ ಇರುತ್ತದೆ.